ಮೊರದೊಳಗಿನ ಜೋಳ: ಭಿಕ್ಷೆಯೋ, ಕೂಲಿಯೋ?

ಸುಗ್ಗಿ ಮುಗಿದ ಮೇಲೆ ಕಣದ ಜೋಳ ಊರೆಲ್ಲ ತಿರುಗುತ್ತದೆ. ಯಾರ ಕೈಗೆ ಬೀಳುತ್ತದೆ ಅನ್ನುವುದರ ಮೇಲೆ ಅದರ ಹೆಸರು ಬದಲಾಗುತ್ತದೆ. ಪುರೋಹಿತನ ಪಾಲಿಗೆ ಬಂದರೆ ದಕ್ಷಿಣೆ. ಮಠಕ್ಕೆ ಹೋದರೆ ಕಾಣಿಕೆ. ಕಮ್ಮಾರ, ಬಡಿಗರಿಗೆ ಅಳೆದರೆ ಆಯ. ಕಳೆ ಕಿತ್ತವಳ ಉಡಿಗೆ ಹಾಕಿದರೆ ಕೂಲಿ. ಸಾಲ ಕೊಟ್ಟ ಸಾಹುಕಾರನ ಗಾಡಿಗೆ ಹೇರಿದರೆ ಬಡ್ಡಿ. ರಾತ್ರಿಯೆಲ್ಲ ಕಥೆ ಹೇಳಿ, ಡಕ್ಕಿ ಬಾರಿಸಿ, ಊರನ್ನು ಎಚ್ಚರ ಕೂರಿಸಿದ ಹೆಣ್ಣುಮಗಳ ಜೋಳಿಗೆಗೆ ಬಿದ್ದರೆ ಮಾತ್ರ ಅದು ಭಿಕ್ಷೆ.

ಹೊಲ ಅದೇ, ಜೋಳ ಅದೇ, ಅಳೆದ ಸೇರೂ ಅದೇ. ಹೆಸರು ಮಾತ್ರ ಬೇರೆ. ಹೆಸರಲ್ಲಿ ಏನಿದೆ ಬಿಡಿ ಅನ್ನುವವರು ಇದ್ದಾರೆ. ಹೆಸರಲ್ಲೇ ಎಲ್ಲಾ ಇದೆ. ಆಯ ತಗೊಳ್ಳುವವನು ಕಣಕ್ಕೆ ಬಂದು ನಿಂತು, 'ನನ್ನ ಪಾಲು ಎಲ್ಲಿ?' ಅನ್ನಬಹುದು. ಕೂಲಿಯವಳು, 'ಇಷ್ಟಕ್ಕೆ ಬರೋದಿಲ್ಲ, ಇನ್ನೊಂದು ಸೇರು ಹಾಕು' ಅಂತ ಜಗಳ ತೆಗೆಯಬಹುದು. ಗೆಲ್ಲುತ್ತಾಳೋ ಸೋಲುತ್ತಾಳೋ, ಜಗಳ ತೆಗೆಯುವ ಬಾಯಂತೂ ಅವಳಿಗಿದೆ. ಭಿಕ್ಷೆ ತಗೊಳ್ಳುವವರಿಗೆ ಆ ಬಾಯಿಯೇ ಇಲ್ಲ. 'ಮುಂದ್ಕ ಹೋಗ್ರಿ' ಅಂದರೆ ಹೋಗಬೇಕು. ಮುಷ್ಟಿ ಹಾಕಿದರೆ ಮುಷ್ಟಿ, ಬೊಗಸೆ ಹಾಕಿದರೆ ಬೊಗಸೆ. ಹಾಕಿದ ಮೇಲೆ ಹರಸಬೇಕು ಬೇರೆ. ಅಂದರೆ ಭಿಕ್ಷೆ ಅನ್ನುವುದು ಕಾಳಿನ ಹೆಸರಲ್ಲ. ತಗೊಂಡವರ ಬಾಯಿ ಮುಚ್ಚಿಸುವ ಒಂದು ವಿಧಾನದ ಹೆಸರು.

ಹಾಡಿದವರಿಗೆ ಕೇಳಿದವರು ಏನು ಕೊಡಬೇಕು? ಕೊಡುವುದು ದಯೆಯೋ, ಋಣವೋ? ಇದು ಸಣ್ಣ ಪ್ರಶ್ನೆಯಂತೆ ಕಾಣುತ್ತದೆ. ಹೊಸಪೇಟೆ, ಸಂಡೂರು, ಕಂಪ್ಲಿ ಕಡೆಯ ನೆಲದ ಮೇಲೆ ನಿಂತು ಕೇಳಿಕೊಂಡರೆ ಅಷ್ಟು ಸಣ್ಣದಲ್ಲ ಅನ್ನುವುದು ಗೊತ್ತಾಗುತ್ತದೆ.

*

ಹೊಸಪೇಟೆಯಿಂದ ಬಳ್ಳಾರಿ ಕಡೆ ಹೋಗುವ ರೈಲು ಹಳಿಯ ಮೇಲೆ ಗಾದಿಗನೂರು ಒಂದು ಸ್ಟೇಷನ್ನು. ಅದನ್ನು ದಾಟಿ ಹೋದರೆ ಸಂಡೂರು ತಾಲ್ಲೂಕಿನ ದರೋಜಿ. 2021ರಲ್ಲಿ ವಿಜಯನಗರ ಜಿಲ್ಲೆಯಾದ ಮೇಲೆ ಗಾದಿಗನೂರು ಒಂದು ಜಿಲ್ಲೆ, ದರೋಜಿ ಇನ್ನೊಂದು ಜಿಲ್ಲೆ. ಹಳಿಗೂ ಹಾಡಿಗೂ ಆ ಗಡಿ ಗೊತ್ತಿಲ್ಲ. ದರೋಜಿ ಅಂದರೆ ಇವತ್ತು ಹೊರಗಿನವರಿಗೆ ಕರಡಿಧಾಮ ನೆನಪಿಗೆ ಬರುತ್ತದೆ. 1994ರಲ್ಲಿ ಅಲ್ಲಿ ಕರಡಿಗಳಿಗೆ ಕಾಯಿದೆಯ ರಕ್ಷಣೆ ಸಿಕ್ಕಿತು, ಒಳ್ಳೆಯದೇ. ಅದೇ ದರೋಜಿಯಲ್ಲಿ ಬುರ್ರಕಥೆ ಈರಮ್ಮ ಇದ್ದರು.

ಈರಮ್ಮ 1930ರ ಸುಮಾರಿಗೆ ಹುಟ್ಟಿದವರು, 2014ರ ಆಗಸ್ಟಿನಲ್ಲಿ ತೀರಿಕೊಂಡರು. ಬುಡ್ಗ ಜಂಗಮರ ಮನೆಯ ಮಗಳು. ಊರೂರು ತಿರುಗುವುದೇ ಬದುಕಾಗಿದ್ದ ಜಾತಿ. ಸರ್ಕಾರದ ಲೆಕ್ಕದಲ್ಲಿ ಪರಿಶಿಷ್ಟ ಜಾತಿ, ಹಳ್ಳಿಯ ಲೆಕ್ಕದಲ್ಲಿ ಬೇಡುವವರು. ಮನೆಮಾತು ತೆಲುಗು, ಕಥೆ ತೆಲುಗಿನಲ್ಲೂ ಬರುತ್ತಿತ್ತು, ಕನ್ನಡದಲ್ಲೂ ಬರುತ್ತಿತ್ತು. ಸಾಲೆ ಕಂಡವರಲ್ಲ. ಓದು ಬರಹ ಇಲ್ಲ. ಹೆತ್ತವರ ಬಾಯಿಂದ ಕಿವಿಗೆ, ಕಿವಿಯಿಂದ ಎದೆಗೆ ಇಳಿಸಿಕೊಂಡದ್ದು ಹನ್ನೆರಡು ಕಾವ್ಯ. ಹನ್ನೆರಡು ಪದ ಅಲ್ಲ, ಹನ್ನೆರಡು ಕಾವ್ಯ. ಒಂದೊಂದೂ ರಾತ್ರಿಗಟ್ಟಲೆ ನಡೆಯುವಂಥದ್ದು. ಅಚ್ಚು ಹಾಕಿದರೆ ಸಾವಿರಾರು ಪುಟ ಆಗುವಷ್ಟು.

ಬುರ್ರಕಥೆ ಮೇಳದ ಕಟ್ಟು ಹೀಗಿರುತ್ತದೆ. ನಡುವೆ ನಿಂತವರು ಕಥೆ ನಡೆಸುವವರು. ಹೆಗಲಿಗೆ ತಂಬೂರಿ. ಬೆರಳಿಗೆ ಅಂದೆಲು, ಅಂದರೆ ಒಳಗೆ ಗುಂಡು ಹಾಕಿದ ಲೋಹದ ಬಳೆಯಂಥ ಉಂಗುರ. ಒಂದಕ್ಕೊಂದು ತಾಗಿದರೆ ತಾಳ. ಎರಡು ಮಗ್ಗುಲಿಗೆ ಡಕ್ಕಿ ಹಿಡಿದ ಇಬ್ಬರು. ಅವರು ಬರೇ ಬಾರಿಸುವವರಲ್ಲ. ಕಥೆಗೆ ಹೂಂ ಅನ್ನಬೇಕು, ಪ್ರಶ್ನೆ ಹಾಕಬೇಕು, ನಗಿಸಬೇಕು, ಅಳು ಬಂದ ಕಡೆ ಡಕ್ಕಿಯನ್ನು ತಗ್ಗಿಸಬೇಕು, ಕುದುರೆ ಓಡುವ ಕಡೆ ಎಬ್ಬಿಸಬೇಕು. ನಡುವಿನವರು ಕಥೆಯನ್ನೂ ಕಾಯಬೇಕು, ತಾಳವನ್ನೂ ಕಾಯಬೇಕು, ಎದುರಿಗೆ ಕೂತ ಜನರ ಕಣ್ಣನ್ನೂ ಕಾಯಬೇಕು. ಈರಮ್ಮನ ಮೇಳದಲ್ಲಿ ಡಕ್ಕಿ ಹಿಡಿದವರು ಅವರ ಮನೆತನದ ಹೆಣ್ಣುಮಕ್ಕಳೇ. ಮೂರು ಜನ ಹೆಂಗಸರು ಊರ ನಡುವೆ ನಿಂತು, ರಾಜರನ್ನು ಎಬ್ಬಿಸುತ್ತಿದ್ದರು, ಕೆಡವುತ್ತಿದ್ದರು. ಬೆಳಗಾದ ಮೇಲೆ ಅವರೇ ಬಾಗಿಲಾಚೆ ನಿಂತು ಜೋಳಿಗೆ ಒಡ್ಡುತ್ತಿದ್ದರು.

ಅವರು ಹೇಳುತ್ತಿದ್ದ ಕಥೆಗಳಲ್ಲಿ ಕುಮಾರರಾಮನದು ಒಂದು. ಕಂಪ್ಲಿಯ ಕಂಪಿಲರಾಯನ ಮಗ, ದಿಲ್ಲಿಯ ದಂಡಿಗೆ ತಲೆಬಾಗದೆ ಸತ್ತವನು. 1327ರ ಸುಮಾರಿಗೆ ಮುಗಿದ ಆ ರಾಜ್ಯದ ನೆನಪು ಈ ಗುಡ್ಡಗಳಲ್ಲಿ ಇನ್ನೂ ಹೋಗಿಲ್ಲ. ಇದೇ ಕಥೆಯನ್ನು ಹದಿನಾರನೆಯ ಶತಮಾನದಲ್ಲಿ ನಂಜುಂಡ ಸಾಂಗತ್ಯದಲ್ಲಿ ಬರೆದ. ಆತ ಕವಿ. ಸಾಹಿತ್ಯ ಚರಿತ್ರೆಯಲ್ಲಿ ಅವನಿಗೆ ಜಾಗ ಉಂಟು, ಪಠ್ಯದಲ್ಲಿ ಉಂಟು. ಅದೇ ಕುಮಾರರಾಮನನ್ನು ತಲೆಯಲ್ಲಿ ಹೊತ್ತು ಊರೂರಿಗೆ ಮುಟ್ಟಿಸಿದ ಈರಮ್ಮನನ್ನು ಏನೆಂದು ಕರೆದೆವು? ಮೊದಲು ಬೇಡುವವಳು ಅಂದೆವು. ಆಮೇಲೆ ಜಾನಪದ ಕಲಾವಿದೆ ಅಂದೆವು. ಕವಿ ಅನ್ನಲು ನಾಲಿಗೆ ಯಾಕೆ ತಡವರಿಸುತ್ತದೆ? ಬರೆದವನಿಗೆ ಒಂದು ನ್ಯಾಯ, ನೆನಪಿಟ್ಟವಳಿಗೆ ಒಂದು ನ್ಯಾಯವೇ? ಅಕ್ಷರ ಕಲಿಯಲು ಯಾರಿಗೆ ಬಾಗಿಲು ತೆರೆದಿತ್ತು, ಯಾರಿಗೆ ಮುಚ್ಚಿತ್ತು ಅನ್ನುವುದು ಗೊತ್ತಿದ್ದೂ ಅಕ್ಷರವನ್ನೇ ಅಳತೆಗೋಲು ಮಾಡಿಕೊಂಡರೆ, ಮುಚ್ಚಿದವನಿಗೇ ಬಹುಮಾನ ಕೊಟ್ಟ ಹಾಗಾಗುತ್ತದೆ.

*

ಇದನ್ನು ಇನ್ನೊಂದು ಊರಿನ ಜೊತೆ ಇಟ್ಟು ನೋಡೋಣ. ಅಮೆರಿಕದ ನ್ಯೂಯಾರ್ಕಿನ ಹಾರ್ಲೆಮ್ಮಿನಲ್ಲಿ, ಪೋರ್ಟೊರಿಕೊ ದ್ವೀಪದಿಂದ ವಲಸೆ ಬಂದವರ ಮನೆಯಲ್ಲಿ, 1923ರಲ್ಲಿ ಟೀಟೊ ಪುಯೆಂತೆ ಹುಟ್ಟಿದ. ಈರಮ್ಮನಿಗಿಂತ ಏಳೆಂಟು ವರ್ಷಕ್ಕೆ ಹಿರಿಯ. ಅವನ ವಾದ್ಯ ತಿಂಬಾಲೆಸ್. ಲೋಹದ ಮೈಯ ಜೋಡಿ ಡ್ರಮ್ಮು, ನಿಂತುಕೊಂಡು ಕೋಲಿನಿಂದ ಬಾರಿಸುವಂಥದ್ದು. ಅದರ ಲಯದ ಬೇರು ಆಫ್ರಿಕದಿಂದ ಸರಪಳಿ ಹಾಕಿ ತಂದ ಗುಲಾಮರ ಎದೆಯಲ್ಲಿತ್ತು. ಪೋರ್ಟೊರಿಕೊದಲ್ಲಿ ಗುಲಾಮಗಿರಿ ಕಾನೂನಿನಲ್ಲಿ ಅಳಿದದ್ದು 1873ರಲ್ಲಿ, ಕ್ಯೂಬಾದಲ್ಲಿ 1886ರಲ್ಲಿ. ಕಬ್ಬಿನ ತೋಟದಲ್ಲಿ ಬೆನ್ನು ಮುರಿದವರು ಬಿಟ್ಟುಹೋದ ಆಸ್ತಿ ಅಂದರೆ ಈ ತಾಳ ಒಂದೇ.

ಮೇಳದಲ್ಲಿ ಡ್ರಮ್ಮಿನವನು ಹಿಂದೆ ಇರುವುದು ಅಲ್ಲಿಯ ಪದ್ಧತಿ. ಮುಂದೆ ಹಾಡುವವನು, ತುತ್ತೂರಿಯವರು. ಹಿಂದೆ, ಕತ್ತಲಲ್ಲಿ, ಬಾರಿಸುವವನು. ಪುಯೆಂತೆ ತನ್ನ ತಿಂಬಾಲೆಸ್ಸನ್ನು ಎತ್ತಿ ತಂದು ಎಲ್ಲರಿಗಿಂತ ಮುಂದೆ ಇಟ್ಟ. ಬಾರಿಸುವವನೇ ಮೇಳದ ಯಜಮಾನ ಅನ್ನುವುದನ್ನು ಜನ ಕಣ್ಣಾರೆ ಕಾಣಬೇಕು ಅನ್ನುವ ಹಾಗೆ. 1950ರ ದಶಕದಲ್ಲಿ ನ್ಯೂಯಾರ್ಕಿನ ಪಲೇಡಿಯಂ ಎಂಬ ನೃತ್ಯಶಾಲೆಯಲ್ಲಿ ಅವನ ತಾಳಕ್ಕೆ ಕರಿಯರು, ಬಿಳಿಯರು, ಯಹೂದಿಗಳು, ಪೋರ್ಟೊರಿಕೊದವರು ಒಂದೇ ನೆಲದ ಮೇಲೆ ಕುಣಿದರು. ಹೊರಗಿನ ಬೀದಿಯಲ್ಲಿ ಆ ಸಮಾನತೆ ಇರಲಿಲ್ಲ.

ಹೆಸರಿನ ತಕರಾರು ಅವನಿಗೂ ತಪ್ಪಲಿಲ್ಲ. ಈ ಸಂಗೀತಕ್ಕೆ ಮಾರುಕಟ್ಟೆ 'ಸಾಲ್ಸಾ' ಅಂತ ಹೆಸರಿಟ್ಟಿತು. ಸ್ಪ್ಯಾನಿಷಿನಲ್ಲಿ ಸಾಲ್ಸಾ ಅಂದರೆ ನಂಚಿಕೊಳ್ಳುವ ಗೊಜ್ಜು. ಅದು ತಿನ್ನುವ ಪದಾರ್ಥ, ಬಾರಿಸುವುದಲ್ಲ ಅಂತ ಅವನು ತಕರಾರು ಎತ್ತುತ್ತಿದ್ದ. ಮಾಡುವವರ ಕೆಲಸಕ್ಕೆ ಮಾರುವವರು ಹೆಸರಿಡುವುದು ಎಲ್ಲ ಕಡೆಯೂ ಇದೆ.

ಆದರೆ ಒಂದು ವ್ಯತ್ಯಾಸ. 1960ರ ದಶಕದ ಮೊದಲಲ್ಲಿ ಪುಯೆಂತೆ 'ಓಯೆ ಕೊಮೊ ವಾ' ಅನ್ನುವ ಹಾಡು ಕಟ್ಟಿದ. 1970ರಲ್ಲಿ ಸಂತಾನ ಎಂಬ ತಂಡ ಅದನ್ನು ಗಿಟಾರಿಗೆ ಹೊಂದಿಸಿ ಹಾಡಿತು. ಹಾಡು ಜಗತ್ತೆಲ್ಲ ಸುತ್ತಿತು. ಕಟ್ಟಿದವನು ಪುಯೆಂತೆ ಅನ್ನುವುದು ಕಾಗದದ ಮೇಲೆ ಇತ್ತು. ಅದಕ್ಕೆ ಬೇರೆಯವರು ಹಾಡಿದಾಗಲೂ ರಾಯಲ್ಟಿ ಅವನ ಮನೆಗೆ ಬಂತು. ಯಾರೂ ಅದನ್ನು ಭಿಕ್ಷೆ ಅನ್ನಲಿಲ್ಲ. ಅಮೆರಿಕ ಧರ್ಮರಾಯನ ದೇಶ ಅಂತ ನಾನು ಹೇಳುತ್ತಿಲ್ಲ. ಅಲ್ಲಿ ಕರಿಯರ ಹಾಡು ಕದ್ದು ಕೋಟಿ ಮಾಡಿಕೊಂಡವರ ಪಟ್ಟಿ ದೊಡ್ಡದು. ಆದರೂ, ಬಾರಿಸುವವನು ಲೆಕ್ಕ ಕೇಳಬಹುದು, ಕೋರ್ಟಿಗೆ ಹೋಗಬಹುದು ಅನ್ನುವ ಒಂದು ಕಂಡಿ ಅಲ್ಲಿ ತೆರೆದಿತ್ತು.

ನಮ್ಮಲ್ಲಿ? ಕೃತಿಸ್ವಾಮ್ಯದ ಕಾಯಿದೆ ಬಂದದ್ದು 1957ರಲ್ಲಿ. ಹಾಡಿದವರಿಗೆ, ಬಾರಿಸಿದವರಿಗೆ, ಕುಣಿದವರಿಗೆ ಅವರದೇ ಆದ ಹಕ್ಕು ಅಂತ ಒಂದು ಇದೆ ಅನ್ನುವುದು ಆ ಕಾಯಿದೆಯೊಳಕ್ಕೆ ಬಂದದ್ದು 1994ರ ತಿದ್ದುಪಡಿಯಲ್ಲಿ. ಮೂವತ್ತೇಳು ವರ್ಷ ಬೇಕಾಯಿತು. ಅಷ್ಟು ಹೊತ್ತಿಗೆ ಈರಮ್ಮನಿಗೆ ಅರವತ್ತು ದಾಟಿತ್ತು. ಹಕ್ಕು ಬಂದ ಮೇಲಾದರೂ, ಬಾಯಿಂದ ಬಾಯಿಗೆ ಬಂದ ಕಥೆ ಯಾರದು? ಬರೆದವರ ಹೆಸರಿಲ್ಲದ್ದು ಎಲ್ಲರದು ಅನ್ನುತ್ತಾರೆ. ಕೇಳಲು ಚೆಂದ. ಎಲ್ಲರದು ಅಂದರೆ ಕಾಗದ, ಪ್ರೆಸ್ಸು, ಕ್ಯಾಸೆಟ್ಟು ಇದ್ದವರದು ಅಂತಲೇ ಆಗುತ್ತದೆ. ಊರ ಗೋಮಾಳವೂ ಎಲ್ಲರದೇ ಆಗಿತ್ತು. ಅದಕ್ಕೆ ಬೇಲಿ ಹಾಕಿದವರು ಯಾರು ಅಂತ ಗೊತ್ತಲ್ಲ.

ಗಾದಿಗನೂರು, ದರೋಜಿಯ ಹಳಿಯ ಮೇಲೆ ಸಂಡೂರಿನ ಅದಿರು ಹೊತ್ತ ಗೂಡ್ಸು ರೈಲು ಹೋಗುತ್ತದೆ. ಆ ಕೆಂಪು ಮಣ್ಣನ್ನು ಯಾರೂ ಮಾಡಿದ್ದಲ್ಲ. ಆದರೂ ಅದಕ್ಕೆ ಟನ್ನಿನ ಲೆಕ್ಕ ಉಂಟು, ದರ ಉಂಟು, ಸರ್ಕಾರಕ್ಕೆ ಕಟ್ಟಬೇಕಾದ ರಾಯಲ್ಟಿ ಉಂಟು. ಲೂಟಿ ಮಿತಿಮೀರಿದಾಗ 2011ರಲ್ಲಿ ಬಳ್ಳಾರಿಯ ಗಣಿಗಾರಿಕೆಯನ್ನು ಸುಪ್ರೀಂ ಕೋರ್ಟೇ ನಿಲ್ಲಿಸಬೇಕಾಯಿತು. ಯಾರೂ ಮಾಡದ ಮಣ್ಣಿಗೆ ರಾಯಲ್ಟಿ. ತಲೆಮಾರುಗಟ್ಟಲೆ ಒಂದು ಜಾತಿಯ ಜನ ಹೊಟ್ಟೆ ಕಟ್ಟಿ ಕಾಪಾಡಿದ ಕಾವ್ಯಕ್ಕೆ ಒಂದು ಮೊರ ಜೋಳ. ಅದೂ ಮನಸ್ಸು ಬಂದರೆ.

*

ಇಲ್ಲಿ ಮೂರು ಮಾತು ಎದುರು ಬರುತ್ತವೆ. ಮೂರಕ್ಕೂ ಉತ್ತರ ಕೊಡಬೇಕು.

ಮೊದಲನೆಯದು: ಕಲೆಗೆ ಬೆಲೆ ಕಟ್ಟಬಾರದು, ಅದು ಭಕ್ತಿ, ಹಣ ಬಂದರೆ ಕೆಡುತ್ತದೆ. ಈ ಮಾತು ಹೇಳುವವರ ಕೈಯಲ್ಲಿ ತಿಂಗಳ ಸಂಬಳ ಇರುತ್ತದೆ ಅನ್ನುವುದನ್ನು ಗಮನಿಸಿ. ದೊಡ್ಡ ದೇವಸ್ಥಾನದ ಗೋಡೆ ನೋಡಿ: ಕುಂಕುಮಾರ್ಚನೆಗೆ ಇಷ್ಟು, ಅಭಿಷೇಕಕ್ಕೆ ಇಷ್ಟು ಅಂತ ಬೋರ್ಡು ಬರೆಸಿ ತೂಗುಹಾಕಿರುತ್ತಾರೆ. ಮಂತ್ರಕ್ಕೆ ದರಪಟ್ಟಿ ಇದ್ದರೆ ಭಕ್ತಿ ಕೆಡುವುದಿಲ್ಲ, ಡಕ್ಕಿಗೆ ದರ ಕೇಳಿದರೆ ಕಲೆ ಕೆಡುತ್ತದೆ. ಇದು ಯಾವ ತರ್ಕ? ಹನ್ನೆರಡನೆಯ ಶತಮಾನದ ಶರಣರು ಈ ಗಂಟನ್ನು ಬಿಡಿಸಲು ನೋಡಿದ್ದರು. ಆಯ್ದಕ್ಕಿ ಮಾರಯ್ಯ ಅಂಗಳದಲ್ಲಿ ಚೆಲ್ಲಿದ ಅಕ್ಕಿ ಆಯ್ದು ಬದುಕಿದವನು. ನೋಡುವವರ ಕಣ್ಣಿಗೆ ಅದೂ ಭಿಕ್ಷೆಯೇ. ಅವರು ಅದನ್ನು ಕಾಯಕ ಅಂದರು. ಒಂದು ದಿನ ಅವನು ಹೆಚ್ಚು ಆಯ್ದು ತಂದಾಗ ಲಕ್ಕಮ್ಮ ಮಿಕ್ಕಿದ್ದನ್ನು ತಿರುಗಿ ಅಲ್ಲಿಗೇ ಕಳಿಸಿದಳು ಅನ್ನುವ ಕಥೆ ಇದೆ. ಬೇಕಾದದ್ದು ಎಷ್ಟು ಅನ್ನುವುದನ್ನು ತೀರ್ಮಾನ ಮಾಡಿದವಳು ಲಕ್ಕಮ್ಮ, ಅಂಗಳದ ಒಡೆಯನಲ್ಲ. ಕಾಯಕಕ್ಕೂ ಭಿಕ್ಷೆಗೂ ಇರುವ ದೂರ ಅಷ್ಟೇ.

ಅದೇ ಚಳವಳಿಯ 'ಜಂಗಮ' ಅನ್ನುವ ಮಾತನ್ನು ನೋಡಿ. ಮಠದ ಜಂಗಮ ಬಂದರೆ ಪಾದಪೂಜೆ ಮಾಡಿ, ಒಳಗೆ ಕೂರಿಸಿ, ಎಡೆ ಹಾಕುತ್ತಾರೆ. ಬುಡ್ಗ ಜಂಗಮ ಬಂದರೆ ಹೊಸಲಿನ ಆಚೆ. ಹೆಸರು ಒಂದೇ, ಹೊಸಲು ಬೇರೆ. ಆದರೆ ಪರಿಶಿಷ್ಟ ಜಾತಿ ಪಟ್ಟಿಯಲ್ಲಿ ಬೇಡ ಜಂಗಮ, ಬುಡ್ಗ ಜಂಗಮ ಅಂತ ಇದೆಯಲ್ಲ, ಆ ಸರ್ಟಿಫಿಕೇಟು ನಮಗೂ ಬೇಕು ಅಂತ ಹೊಸಲಿನ ಒಳಗಿನ ಜಂಗಮರಲ್ಲಿ ಕೆಲವರು ವರ್ಷಗಳಿಂದ ಅರ್ಜಿ ಹಿಡಿದು ಓಡಾಡಿದ್ದಾರೆ. ವಿಷಯ ಸದನಕ್ಕೂ ಕೋರ್ಟಿಗೂ ಹೋಗಿದೆ. ಡಕ್ಕಿ ಬೇಡ, ಜೋಳಿಗೆ ಬೇಡ, ಬಾಗಿಲಾಚೆ ನಿಲ್ಲುವುದು ಬೇಡ. ಹೆಸರು ಮಾತ್ರ ಬೇಕು. ಹೆಸರಲ್ಲಿ ಏನಿದೆ ಅಂತ ಇವರನ್ನು ಕೇಳಿ ನೋಡಿ.

ಎರಡನೆಯ ಮಾತು ನಮ್ಮವರದೇ, ಅದಕ್ಕೇ ಅದು ಭಾರವಾದದ್ದು. 'ಕೂಲಿ ಅಂತೀಯೋ ಭಿಕ್ಷೆ ಅಂತೀಯೋ, ಆ ಡಕ್ಕಿ ಹಲಗೆ ಎಲ್ಲಾ ಬಿಸಾಕು. ಹುಡುಗರನ್ನ ಸಾಲಿಗೆ ಕಳಿಸು. ಹೆಣದ ಮುಂದೆ, ತೇರಿನ ಮುಂದೆ ಬಡಿದದ್ದು ಸಾಕು.' ಇದು ತಳ್ಳಿಹಾಕುವ ಮಾತಲ್ಲ. 1927ರಲ್ಲಿ ಮಹಾಡಿನಲ್ಲಿ ಬಾಬಾಸಾಹೇಬರು ಸತ್ತ ದನ ಎಳೆಯುವುದನ್ನು ಬಿಡಿ ಅಂದಾಗ ಹೇಳಿದ್ದು ಇದನ್ನೇ: ಹೀನಾಯವನ್ನು ಹೊತ್ತ ಕೆಲಸವನ್ನು ಹಸಿವಾದರೂ ಬಿಡಬೇಕು. 'ಜಾತಿ ವಿನಾಶ'ದಲ್ಲಿ ಅವರು ಇಂದೂರಿನ ಕಡೆಯ ಬಲಾಯಿ ಜನರ ಮೇಲೆ 1928ರಲ್ಲಿ ಸವರ್ಣೀಯರು ಹೇರಿದ ಕಟ್ಟಳೆಗಳನ್ನು ಎತ್ತಿ ತೋರಿಸುತ್ತಾರೆ. ಜರಿ ಅಂಚಿನ ರುಮಾಲು ಸುತ್ತಬಾರದು, ಸಾವಿನ ಸುದ್ದಿ ಮುಟ್ಟಿಸಬೇಕು ಅನ್ನುವ ಸಾಲಿನಲ್ಲೇ ಇನ್ನೆರಡು ಇವೆ: ಹಿಂದೂಗಳ ಮದುವೆ ಮೆರವಣಿಗೆಯ ಮುಂದೆ ವಾದ್ಯ ಬಾರಿಸಬೇಕು, ಮಾಡಿದ ಕೆಲಸಕ್ಕೆ ಕೂಲಿ ಕೇಳಬಾರದು, ಹಿಂದೂ ಮನಸ್ಸು ಬಂದು ಏನು ಕೊಡುತ್ತಾನೋ ಅದನ್ನು ತಗೊಳ್ಳಬೇಕು. ಒಪ್ಪದಿದ್ದರೆ ಊರು ಬಿಡಬೇಕು. ಗಮನಿಸಿ: ಬಾರಿಸಲೇಬೇಕು ಅನ್ನುವುದು ಒಂದು ಕಟ್ಟಳೆ, ಬೆಲೆ ಕೇಳಬಾರದು ಅನ್ನುವುದು ಇನ್ನೊಂದು. ಜಾತಿಗೆ ಎರಡೂ ಬೇಕು. ಒಂದು ಸಾಲದು.

ಹಾಗಾಗಿ ಬಿಸಾಕಬೇಕಾದದ್ದು ಏನು ಅನ್ನುವುದನ್ನು ಸರಿಯಾಗಿ ಹಿಡಿಯಬೇಕು. ನನಗೆ ತೋಚುವ ಒರೆಗಲ್ಲು ಇದು: ಬಾರಿಸುವವನು 'ಇವತ್ತು ಬಾರಿಸೋದಿಲ್ಲ' ಅಂದು, ನಾಳೆಯೂ ಅದೇ ಊರಲ್ಲಿ ನೆಮ್ಮದಿಯಿಂದ ಇರಬಲ್ಲನೇ? ಇರಬಲ್ಲನಾದರೆ ಅವನು ಬಾರಿಸುವುದು ಕಲೆ. ಇರಲಾರನಾದರೆ ಅದು ಬಿಟ್ಟಿ, ಎಷ್ಟೇ ಇಂಪಾಗಿರಲಿ. ಹಲಗೆ ಬಾರಿಸಲ್ಲ ಅಂದದ್ದಕ್ಕೆ ನೀರು, ದಿನಸಿ ನಿಲ್ಲಿಸಿ ಬಹಿಷ್ಕಾರ ಹಾಕಿದ ಊರುಗಳು ಈ ನಾಡಿನಲ್ಲಿ ಒಂದೆರಡಲ್ಲ. ಅಂಥ ಕಡೆ ಹಲಗೆ ಕೆಳಗಿಡುವುದೇ ದೊಡ್ಡ ಸಂಗೀತ.

ಬುಡ್ಗ ಜಂಗಮರ ಸ್ಥಿತಿ ಸ್ವಲ್ಪ ಬೇರೆ. ಅವರನ್ನು ಬಾರಿಸು ಅಂತ ಊರು ಹಿಡಿದು ಕಟ್ಟಿಲ್ಲ, ಹಸಿವು ಕಟ್ಟಿದೆ. ಹೊಲ ಇಲ್ಲ, ಮನೆ ಇಲ್ಲ, ಇವತ್ತು ಹಾಡದಿದ್ದರೆ ಇವತ್ತು ಒಲೆ ಇಲ್ಲ. ಊರಿನ ಹಗ್ಗ ಕಣ್ಣಿಗೆ ಕಾಣುತ್ತದೆ, ಹೊಟ್ಟೆಯ ಹಗ್ಗ ಕಾಣುವುದಿಲ್ಲ, ಅಷ್ಟೇ ವ್ಯತ್ಯಾಸ. ಈ ಹಗ್ಗ ಬಿಚ್ಚುವುದು ಡಕ್ಕಿಯನ್ನು ಒಡೆದರೆ ಆಗುವುದಿಲ್ಲ. ಭೂಮಿ, ಸೂರು, ಸಾಲೆ ಬಂದರೆ ಆಗುತ್ತದೆ. ಓದಿದ ಮಗಳು, ನೌಕರಿ ಇದ್ದ ಮಗಳು, ಬೇಕು ಅಂತ ಅನ್ನಿಸಿ ಅವ್ವನ ಡಕ್ಕಿ ಎತ್ತಿಕೊಂಡರೆ ಆವತ್ತು ಅದಕ್ಕೆ ಹೊಸ ಜೀವ. ಬೇಡ ಅಂತ ಗೂಟಕ್ಕೆ ತೂಗುಹಾಕಿದರೆ ಅದೂ ಅವಳ ಹಕ್ಕು. ಜಾನಪದ ಉಳಿಯಬೇಕು ಅಂತ ಬಡವರ ಮಕ್ಕಳನ್ನು ಬಡತನದಲ್ಲೇ ಉಳಿಸುವ ಆಸೆ ಯಾರಿಗಾದರೂ ಇದ್ದರೆ, ಅವರು ತಮ್ಮ ಮಕ್ಕಳ ಹೆಗಲಿಗೆ ಮೊದಲು ಜೋಳಿಗೆ ಹಾಕಲಿ.

ಮೂರನೆಯ ಮಾತು: ಪ್ರಶಸ್ತಿ ಕೊಟ್ಟಿದ್ದೇವಲ್ಲ? ಕೊಟ್ಟಿದ್ದಾರೆ, ನಿಜ. ಈರಮ್ಮನಿಗೆ 1999ರಲ್ಲಿ ರಾಜ್ಯೋತ್ಸವ ಪ್ರಶಸ್ತಿ ಬಂತು. ಹಂಪಿಯ ಕನ್ನಡ ವಿಶ್ವವಿದ್ಯಾಲಯ ನಾಡೋಜ ಅಂತ ಗೌರವಿಸಿತು. ಅಲ್ಲಿನ ವಿದ್ವಾಂಸರು ಅವರ ಕಾವ್ಯಗಳನ್ನು ಕೇಳಿ, ಬರೆದು, ಅಚ್ಚು ಹಾಕಿಸಿದರು. ಆ ಕೆಲಸ ಆಗದಿದ್ದರೆ ಇವತ್ತು ನಮ್ಮ ಕೈಯಲ್ಲಿ ಏನೂ ಇರುತ್ತಿರಲಿಲ್ಲ. ಚಿಕ್ಕಬಳ್ಳಾಪುರ ಜಿಲ್ಲೆಯ ಪಿಂಡಿಪಾಪನಹಳ್ಳಿ ಮುನಿವೆಂಕಟಪ್ಪನವರಿಗೆ 2023ರಲ್ಲಿ ಪದ್ಮಶ್ರೀ ಬಂತು. ಅವರ ವಾದ್ಯ ತಮಟೆ. ತಮಟೆ ರಾಷ್ಟ್ರಪತಿ ಭವನದ ಮೆಟ್ಟಿಲು ಹತ್ತಿತು. ಎದೆ ಉಬ್ಬುವ ಸಂಗತಿಯೇ. ಅದೇ ತಮಟೆ ಬಾರಿಸುವವರು ಎಷ್ಟೋ ಊರಿನ ಗುಡಿಯ ಮೆಟ್ಟಿಲು ಇನ್ನೂ ಹತ್ತಿಲ್ಲ. ಶಬ್ದ ಗರ್ಭಗುಡಿಯವರೆಗೆ ಹೋಗುತ್ತದೆ, ಬಾರಿಸಿದ ಕೈ ಹೊರಗೆ ನಿಲ್ಲುತ್ತದೆ. ಹಂಪಿಯ ಹಜಾರರಾಮ ಗುಡಿಯ ಗೋಡೆಯ ಮೇಲೆ ಮೆರವಣಿಗೆಯ ಸಾಲಿದೆ. ಆನೆ, ಕುದುರೆ, ಕುಣಿಯುವವರು, ವಾದ್ಯದವರು. ಕಲ್ಲಾದ ವಾದ್ಯದವರಿಗೆ ಕಾವಲು ಇದೆ, 1986ರಿಂದ ಲೋಕದ ಪರಂಪರೆ ಅನ್ನುವ ಪಟ್ಟವೂ ಇದೆ. ಕಲ್ಲಾಗದೆ ಉಳಿದವರ ಪಾಡು?

ಪ್ರಶಸ್ತಿ ಬೇಡ ಅನ್ನುತ್ತಿಲ್ಲ. ಆದರೆ ಪ್ರಶಸ್ತಿ ಒಬ್ಬರ ಕೊರಳಿಗೆ ಬೀಳುತ್ತದೆ. ಬುರ್ರಕಥೆ ಮೂವರಿಲ್ಲದೆ ಆಗುವುದಿಲ್ಲ. ಪ್ರಶಸ್ತಿ ಇಳಿವಯಸ್ಸಿಗೆ ಬರುತ್ತದೆ. ಹಸಿವು ಎಳೆಯದರಲ್ಲೇ ಬಂದಿರುತ್ತದೆ. ಎಲ್ಲಕ್ಕಿಂತ ಮುಖ್ಯ, ಪ್ರಶಸ್ತಿಯಲ್ಲೂ ಕೊಡುವವನ ಕೈಯೇ ಮೇಲೆ. ಯಾರಿಗೆ, ಯಾವಾಗ, ಎಷ್ಟು ಅನ್ನುವುದನ್ನು ಅವನೇ ನಿಶ್ಚಯಿಸುತ್ತಾನೆ. ಅದು ಗೌರವದ ಬಟ್ಟೆ ಉಟ್ಟ ಒಳ್ಳೆಯ ದಾನ. ದಾನ ಎಷ್ಟು ದೊಡ್ಡದಾದರೂ ಹಕ್ಕಿನ ಜಾಗ ತುಂಬಲಾರದು.

*

ಹಾಗಾದರೆ ಏನು ಮಾಡಬೇಕು? ದೊಡ್ಡ ಕೆಲಸಗಳಿವೆ: ಭೂಮಿ, ಸಾಲೆ, ಅಚ್ಚಾದ, ಧ್ವನಿಮುದ್ರಿಸಿದ ಪ್ರತಿ ಕಾವ್ಯದ ಮೇಲೂ ಹಾಡಿದ ಮನೆತನಕ್ಕೆ ಸಲ್ಲುವ ಪಾಲು, ಮೇಳದ ಎಲ್ಲರ ಹೆಸರೂ ಇರುವ ಕಾಗದ. ಅವಕ್ಕೆ ಹೋರಾಟ ಬೇಕು, ಕಾಲ ಬೇಕು. ಆದರೆ ಒಂದು ಕೆಲಸಕ್ಕೆ ಕಾಲ ಬೇಡ.

ಸರ್ಕಾರದ ಉತ್ಸವ ಇರಲಿ, ನಮ್ಮದೇ ಸಂಘಟನೆಯ ಸಮಾವೇಶ ಇರಲಿ, ಗಾದಿಗನೂರಿನ ಜಾತ್ರೆ ಇರಲಿ, ಹಲಗೆಯವರನ್ನು, ಡಕ್ಕಿಯವರನ್ನು ಕರೆಯುವಾಗ, 'ನಮ್ಮ ಕೈಲಾದದ್ದು ಕೊಡ್ತೀವಿ ಬರ್ರಿ' ಅನ್ನುವುದನ್ನು ಬಿಡಬೇಕು. ಆ ಮಾತು ಇಂದೂರಿನ ಕಟ್ಟಳೆಯದೇ ಮೊಮ್ಮಗ. ಮೈಕಿನವನಿಗೆ, ಶಾಮಿಯಾನದವನಿಗೆ, ಜೀಪಿನವನಿಗೆ ನಾವು ಹಾಗೆ ಹೇಳುವುದಿಲ್ಲ. ಅವರನ್ನು ಕೇಳುತ್ತೇವೆ: ಎಷ್ಟು? ಅದೇ ಪ್ರಶ್ನೆಯನ್ನು ಇವರಿಗೂ ಕೇಳಬೇಕು. 'ಯವ್ವಾ, ಒಂದು ರಾತ್ರಿ ಕಥೆಗೆ ನಿಮ್ಮ ಮೇಳಕ್ಕೆ ಎಷ್ಟು ಕೊಡಬೇಕು?'

ಮೊದಲ ಸಲ ಕೇಳಿದಾಗ ಆಕೆ ಗಾಬರಿಯಾಗಬಹುದು. ತಲೆತಲಾಂತರದಿಂದ ಯಾರೂ ಕೇಳದ ಪ್ರಶ್ನೆ ಅದು. 'ನೀವು ಏನ್ ಕೊಟ್ರೂ ಸೈ, ಧಣಿ' ಅನ್ನಬಹುದು. ಆಗ ಅದನ್ನೇ ಹಿಡಿದು ಕಡಿಮೆ ಕೊಡುವವನು ಕಳ್ಳ. ಇನ್ನೊಂದು ಸಲ ಕೇಳಬೇಕು. ಆಕೆ ಒಂದು ಮೊತ್ತ ಹೇಳುವವರೆಗೆ ಕೇಳಬೇಕು. ಹೇಳಿದ್ದು ನಮಗೆ ಹೆಚ್ಚು ಅನ್ನಿಸಿದರೆ ಜಗಳ ಆಡೋಣ. ಸರಿಸಮ ನಿಂತವರ ನಡುವೆ ಮಾತ್ರ ಜಗಳ ನಡೆಯುತ್ತದೆ. ಆ ಜಗಳ ಶುರುವಾದ ದಿನ ಮೊರದಲ್ಲಿದ್ದ ಭಿಕ್ಷೆ ಕೂಲಿಯಾಗುತ್ತದೆ. ಕೂಲಿ ಹಕ್ಕಾಗುವುದು ಅದರ ಮುಂದಿನ ಮಾತು.